ಮಗ್ಗಕ್ಕೆ ಒರಗಿಸಿಟ್ಟ ಫೋನು

“ಟೆಸ್ಟ್ ಮ್ಯಾಚ್ ಅಂದ್ರೆ ಸೀರೆ ಸಾರ್. ಇಪ್ಪತ್ತು ಓವರಿಂದು ಕರ್ಚೀಪು. ಮೂಗೊರೆಸಿ ಬಿಸಾಕೋಕೆ ಸರಿ.”

ಹೀಗೆ ಹೇಳುತ್ತಿದ್ದ ನನ್ನ ಹಳೆಯ ಮನೆಯೊಡತಿ ಹೋದ ತಿಂಗಳು ರಾಯದುರ್ಗದಲ್ಲಿ, ಮಗಳ ಮನೆಯಲ್ಲಿ ತೀರಿಕೊಂಡರು. ಸುದ್ದಿ ಚಳ್ಳಕೆರೆಗೆ ಬಂದು ನನ್ನನ್ನು ಮುಟ್ಟುವ ಹೊತ್ತಿಗೆ ಮಣ್ಣು ಮಾಡಿ ಮೂರು ದಿನ ಕಳೆದಿತ್ತು. ಅವರ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಮುಖ, ಧ್ವನಿ ಎರಡೂ ಈಗಾಗಲೇ ಯಾರ್ಯಾರದೋ ಕೈಗೆ ಹೋಗಿವೆ. ಹೆಸರಾದರೂ ಅವರ ಹತ್ತಿರವೇ ಇರಲಿ.

ನಾನು ಮೊಳಕಾಲ್ಮೂರಿನ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನದ ಮೇಷ್ಟ್ರಾಗಿದ್ದೆ. ಮೊದಲು ಚಳ್ಳಕೆರೆಯಿಂದ ದಿನಾ ಬಸ್ಸಿನಲ್ಲಿ ಓಡಾಡಿ ಸೊಂಟ ನೋವು ತರಿಸಿಕೊಂಡೆ. ಆಮೇಲೆ ಬುದ್ಧಿ ಬಂದು, ಸಂಸಾರವನ್ನು ಚಳ್ಳಕೆರೆಯಲ್ಲೇ ಬಿಟ್ಟು, ನೇಕಾರರ ಬೀದಿಯಲ್ಲಿ ಇವರ ಮನೆಯ ಮುಂದಿನ ಕೋಣೆ ಹಿಡಿದೆ. ಹಿಂದಿನ ಕೋಣೆಯಲ್ಲಿ ಗುಂಡಿಮಗ್ಗ. ಗುಂಡಿಯೊಳಗೆ ಕಾಲು ಇಳಿಬಿಟ್ಟು ಅವರು ಬೆಳಗಿನಿಂದ ಸಂಜೆಯವರೆಗೆ ಕೂರುತ್ತಿದ್ದರು. ವಯಸ್ಸು ಐವತ್ತೈದರ ಆಸುಪಾಸು. ಕನ್ನಡಕದ ಕಾಲೊಂದು ಮುರಿದಿತ್ತು, ಅದಕ್ಕೆ ರೇಷ್ಮೆ ನೂಲು ಕಟ್ಟಿ ಕಿವಿಗೆ ಸುತ್ತಿಕೊಳ್ಳುತ್ತಿದ್ದರು. ಮನೆಯಲ್ಲಿ ತೆಲುಗು, ನನ್ನೊಡನೆ ಕನ್ನಡ. ಎಳೆ ತುಂಡಾದರೆ ಮಾತ್ರ ಅದನ್ನು “ಅಮ್ಮಾ, ತಲ್ಲೀ” ಎಂದು ಕೂಸನ್ನು ರಮಿಸುವಂತೆ ಮಾತಾಡಿಸಿ ಗಂಟು ಹಾಕುತ್ತಿದ್ದರು.

ಕ್ರಿಕೆಟ್ ಹುಚ್ಚು ಗಂಡನಿಂದ ಬಂದದ್ದು. ಆತ ಮಗ್ಗದ ಮೇಲೆ ಟ್ರಾನ್ಸಿಸ್ಟರ್ ತೂಗುಹಾಕಿ ಕಾಮೆಂಟರಿ ಕೇಳುತ್ತಲೇ ನೇಯುತ್ತಿದ್ದರಂತೆ. “ಆಯಪ್ಪ ನಂಗೆ ಬಿಟ್ಟೋಗಿದ್ದು ಎರಡೇ ಸಾರ್. ಮಗ್ಗ ಒಂದು, ಕ್ರಿಕೆಟ್ ಒಂದು” ಎನ್ನುತ್ತಿದ್ದರು. ಐದು ದಿನ ನಡೆಯುವ ಟೆಸ್ಟ್ ಆಟವೇ ಅವರಿಗೆ ಇಷ್ಟ. ಊಟಕ್ಕೆ ಬಿಡುತ್ತಾರೆ, ಚಹಾಕ್ಕೆ ಬಿಡುತ್ತಾರೆ, ಬೆಳಕು ಹೋದರೆ ನಿಲ್ಲಿಸುತ್ತಾರೆ. ನೇಕಾರರ ದಿನವೂ ಹಾಗೇ ಅಲ್ಲವೇ ಎಂಬುದು ಅವರ ವಾದ. ತಾಳ್ಮೆಗೆಟ್ಟು ಬ್ಯಾಟು ಬೀಸಿ ಔಟಾದವನಿಗೆ ತೆಲುಗಿನಲ್ಲಿ ಮಂಗಳಾರತಿ. ಆ ಬೈಗುಳ ಗೋಡೆಯ ಈಚೆಗೆ, ಮಕ್ಕಳ ಉತ್ತರಪತ್ರಿಕೆ ತಿದ್ದುತ್ತಾ ಕೂತ ನನಗೂ ಕೇಳುತ್ತಿತ್ತು. ನಾನು ಒಬ್ಬನೇ ನಗುತ್ತಿದ್ದೆ.

ಇಷ್ಟು ಸಲಿಗೆ ಇದ್ದರೂ ಮಗ್ಗದ ಕೋಣೆಯ ಹೊಸ್ತಿಲನ್ನು ನಾನು ಸುಮ್ಮಸುಮ್ಮನೆ ದಾಟುವಂತಿರಲಿಲ್ಲ. ಅರ್ಧ ನೇಯ್ದ ಸೀರೆಯ ಮೇಲೆ ಹೊರಗಿನವರ ಕಣ್ಣು ಬೀಳಬಾರದು ಎಂಬುದು ಆ ಮನೆಯ ಕಟ್ಟು. ಯಾರಾದರೂ ಬಂದರೆ ಮೊದಲು ನೇಯ್ದಷ್ಟರ ಮೇಲೆ ಬಿಳಿ ಬಟ್ಟೆ ಮುಚ್ಚಿ, ಆಮೇಲೆ “ಬರ್ರಿ” ಎನ್ನುತ್ತಿದ್ದರು. ಗಂಡನ ಕಾಲದಿಂದಲೂ ರೇಷ್ಮೆ, ಜರಿ, ಡಿಜೈನು ಎಲ್ಲವನ್ನೂ ಕೊಡುತ್ತಿದ್ದ ಸಾವ್ಕಾರರು ಬಂದರೂ ಅಷ್ಟೇ. “ಅರ್ಧ ಆಗಿರೋ ಸೀರೆ ಬಸುರಿ ಹೆಂಗ್ಸಿದ್ದಂಗೆ ಸಾರ್. ನೋಡಿ ಹೊಗಳಿದ್ರೂ ತಾಗುತ್ತೆ.” ಮೂರು ವರ್ಷ ಅದೇ ಸೂರಿನಡಿ ಇದ್ದೂ ಅರ್ಧ ಸೀರೆಯನ್ನು ನಾನು ಒಂದು ಸಲವೂ ಕಂಡಿರಲಿಲ್ಲ.

ಆ ಮಗ್ಗದ ಎದುರಿಗೆ ಕಣ್ಣೊಂದನ್ನು ತಂದು ಕೂರಿಸಿದವನು ನಾನೇ.

ಟ್ರಾನ್ಸಿಸ್ಟರ್ ಕೆಟ್ಟು, ಮಗಳು ಒಂದು ಸ್ಮಾರ್ಟ್ ಫೋನು ಕೊಡಿಸಿದ್ದಳು. ಮ್ಯಾಚ್ ನೋಡಲು ಚಂದಾ ಕಟ್ಟಬೇಕಂತೆ, ಹೇಗೆ ಕಟ್ಟುವುದು ಎಂದು ಅಮ್ಮ, ಮನೆಯೊಡತಿಯನ್ನು ನಾನು ಹಾಗೇ ಕರೆಯುತ್ತಿದ್ದೆ, ಕೇಳಿದರು. ಪುಕ್ಕಟೆ ಸಿಕ್ಕರೆ ನನಗೂ ಒಂದು ನಮ್ಮಪ್ಪನಿಗೂ ಒಂದು ಎನ್ನುವ ಜಾತಿಯವನು ನಾನು. ಸ್ಟಾಫ್‌ರೂಮಿನ ವಾಟ್ಸಾಪ್ ಗುಂಪಿನಲ್ಲಿ ಒಂದು ಲಿಂಕು ಓಡಾಡುತ್ತಿತ್ತು. ಒತ್ತಿದರೆ ಒಂದು ಆಪು ಇಳಿಯುತ್ತಿತ್ತು, ಪ್ರಪಂಚದ ಯಾವ ಮ್ಯಾಚಾದರೂ ಬಿಟ್ಟಿ. “ಕಟ್ಟೋದೇನೂ ಬೇಡಮ್ಮ, ಕೊಡಿ ಇಲ್ಲಿ” ಎಂದು ಫೋನು ಇಸಕೊಂಡೆ. ಆ ಆಪು ಒಂದೊಂದೇ ಅನುಮತಿ ಕೇಳತೊಡಗಿತು. ಫೋಟೋ ನೋಡಲೇ? ಮೈಕ್ ಬಳಸಲೇ? ಕ್ಯಾಮೆರಾ ಬಳಸಲೇ? ನಾನು ಪುರೋಹಿತರು ಅಕ್ಷತೆ ಹಾಕಿದ ಹಾಗೆ ಎಲ್ಲದಕ್ಕೂ ‘ಅನುಮತಿಸಿ’ ಒತ್ತುತ್ತಾ ಹೋದೆ. ಪಕ್ಕದಲ್ಲಿ ಕೂತಿದ್ದ ಅಮ್ಮ ಕನ್ನಡಕ ಸರಿಮಾಡಿಕೊಂಡು ಓದಿ ಕೇಳಿದರು.

“ಆಟ ನೋಡೋರು ನಾವು. ಅದಕ್ಕೆ ನಮ್ಮ ಕ್ಯಾಮೆರಾ ಯಾಕೆ ಬೇಕು ಸಾರ್?”

“ಎಲ್ಲಾ ಆಪೂ ಕೇಳ್ತಾವೆ ಬಿಡಮ್ಮ.”

ಅವರು ಫೋನನ್ನು ಮಗ್ಗದ ಅಡ್ಡಮರಕ್ಕೆ, ತಮ್ಮ ಮುಖಕ್ಕೆ ನೇರವಾಗಿ ಒರಗಿಸಿಟ್ಟುಕೊಂಡರು. ಮನುಷ್ಯರು ಬಂದರೆ ಬಿಳಿ ಬಟ್ಟೆ ಮುಚ್ಚುತ್ತಿದ್ದವರಿಗೆ ಫೋನಿನ ಎದುರು ಮುಚ್ಚಬೇಕು ಎಂದು ಹೊಳೆಯಲಿಲ್ಲ. ನನಗೂ ಹೊಳೆಯಲಿಲ್ಲ.

ಕದ್ದ ಆಟ ತಡವಾಗಿ ಬರುತ್ತದೆ. ಎದುರು ಮನೆಯಲ್ಲಿ ಟಿವಿಯ ಮುಂದೆ ಕೂತವರು “ಔಟ್” ಎಂದು ಕೂಗಿದ ಮೇಲೂ ಅಮ್ಮನ ಫೋನಿನಲ್ಲಿ ಆ ಬ್ಯಾಟ್ಸ್‌ಮನ್ ಇನ್ನೂ ಕೈಗವಸು ಸರಿಮಾಡಿಕೊಳ್ಳುತ್ತಾ ನಿಂತಿರುತ್ತಿದ್ದ. ಒಂದು ಮಧ್ಯಾಹ್ನ ನೀರು ಕೇಳಲು ಹೋದವನು ಹೊಸ್ತಿಲಲ್ಲೇ ನಿಂತೆ. ಅಮ್ಮ ಲಾಳಿ ಹಿಡಿದ ಕೈ ನಿಲ್ಲಿಸಿ, ಫೋನಿನೊಳಗಿನ ಆ ಹುಡುಗನಿಗೆ ಬಹಳ ಮೆತ್ತಗೆ ಹೇಳುತ್ತಿದ್ದರು.

“ಪಾಪ, ನೀನು ಆಗ್ಲೇ ಔಟಾಗಿದೀಯಪ್ಪ. ನಿಂಗಿನ್ನೂ ಗೊತ್ತಾಗಿಲ್ಲ.”

ನೀರು ಕೇಳುವುದನ್ನೂ ಮರೆತು ವಾಪಸು ಬಂದೆ.

ಆಮೇಲೆ ಅವರು ಒಂದೊಂದೇ ಹೇಳತೊಡಗಿದರು. ಬೆಳಗ್ಗೆ ಎದ್ದು ಮುಟ್ಟಿದರೆ ಫೋನು ಜ್ವರ ಬಂದ ಮಗುವಿನ ಹಣೆಯ ಹಾಗೆ ಸುಡುತ್ತದೆ. ತುಂಬಿಸಿಟ್ಟ ಬ್ಯಾಟರಿ, ಯಾರೂ ಮುಟ್ಟದೆಯೇ ಬರಿದಾಗುತ್ತದೆ. “ಮ್ಯಾಚ್ ಮುಗಿದ್ರೂ ಮೂಲೆನಾಗೆ ಒಂದು ಹಸಿರು ಚುಕ್ಕೆ ಇರ್ತೈತೆ ಸಾರ್. ಅದು ಕಣ್ಣು ಮುಚ್ಚೋದೇ ಇಲ್ಲ. ನೇಯ್ತಾ ಇದ್ರೆ ಎದುರಿಗೆ ಯಾರೋ ಕೂತಂಗಾಗುತ್ತೆ.” ಆ ಚುಕ್ಕೆ ಏನೆಂದು ನನಗೆ ಗೊತ್ತಿರಲಿಲ್ಲ. ಆದರೆ ಮೇಷ್ಟ್ರಾದವನ ಬಾಯಲ್ಲಿ ಗೊತ್ತಿಲ್ಲ ಎನ್ನುವ ಮಾತು ಸುಲಭಕ್ಕೆ ಬರುತ್ತದೆಯೇ? ನೆಟ್‌ವರ್ಕ್ ಚೆನ್ನಾಗಿದೆ ಎಂದು ತೋರಿಸುವ ಗುರುತು ಅದು ಎಂದುಬಿಟ್ಟೆ.

ಅವರಿಗೆ ಸಮಾಧಾನ ಆಗಲಿಲ್ಲ. ಒಂದು ಶುಕ್ರವಾರ ಉಪ್ಪು, ಒಣಮೆಣಸಿನಕಾಯಿ ಹಿಡಿದು ಫೋನಿಗೇ ದೃಷ್ಟಿ ನಿವಾಳಿಸಿ ಒಲೆಗೆ ಹಾಕಿದರು. ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅವರು ನಗಲಿಲ್ಲ. ಒಲೆಯ ಮುಂದೆ ಕೂತು ಮೂಗು ಅರಳಿಸಿ ಕಾದರು. ದೃಷ್ಟಿ ತಾಗಿರದಿದ್ದರೆ ಸುಟ್ಟ ಮೆಣಸಿನಕಾಯಿ ಘಾಟು ಹೊಡೆದು ಕೆಮ್ಮು ಬರಬೇಕು. ಮೆಣಸಿನಕಾಯಿ ಕರ್ರಗಾಗಿ ಬೂದಿಯಾಯಿತು. ಅವರೂ ಕೆಮ್ಮಲಿಲ್ಲ, ನಾನೂ ಕೆಮ್ಮಲಿಲ್ಲ.

ಮುಂದಿನ ವಾರ ರಾಂಪುರದಿಂದ ಒಬ್ಬ ಹೆಂಗಸು ಬಂದಳು. ಬಸ್‌ಸ್ಟ್ಯಾಂಡಿನಲ್ಲಿ ಫೋನು ತೋರಿಸಿ ಈ ಮುಖದವರ ಮನೆ ಎಲ್ಲಿ ಎಂದು ಕೇಳಿಕೊಂಡು ಬಂದಿದ್ದಳು. ಬಾಗಿಲಲ್ಲಿ ನಿಂತು ಒಮ್ಮೆ ಅಮ್ಮನ ಮುಖ ನೋಡಿದಳು, ಒಮ್ಮೆ ಫೋನು ನೋಡಿದಳು.

“ಮಗಳ ಮದ್ವಿಗೆ ಅಂತ ದುಡ್ಡು ಹಾಕಿ ಹದಿನೈದು ದಿನಾತವ್ವ. ನೀವೇ ಹೇಳಿದ್ರಲ್ಲ, ಹತ್ತು ದಿನದಾಗೆ ಕಳಿಸ್ತೀನಿ ಅಂತ. ಮದ್ವಿ ಬರೋ ಸೋಮವಾರ ಐತೆ.”

“ನಾನಾ? ನಿನ್ನ ಮುಖಾನೇ ನೋಡಿಲ್ವಲ್ಲಮ್ಮ ನಾನು!”

ಆಕೆ ಫೋನು ಮುಂದೆ ಹಿಡಿದಳು. ಯಾವುದೋ ಹೆಸರು ಕೇಳದ ಸೀರೆ ಅಂಗಡಿಯ ಜಾಹೀರಾತು, ಊರು ಮಾತ್ರ ಮೊಳಕಾಲ್ಮೂರು ಎಂದಿತ್ತು. ಅದರಲ್ಲಿ ಅಮ್ಮ ಮಗ್ಗದ ಹಿಂದೆ ಕೂತು ನೇರವಾಗಿ ನಮ್ಮನ್ನೇ ನೋಡಿ ನಗುತ್ತಿದ್ದರು. ಆ ನಗು ನನಗೆ ಚೆನ್ನಾಗಿ ಗೊತ್ತಿತ್ತು. ಎದುರು ತಂಡದ ವಿಕೆಟ್ ಬಿದ್ದಾಗ ನಗುತ್ತಿದ್ದ ನಗು. ಕೆಳಗೆ ಸೀರೆ. ಗಿಣಿಹಸಿರು ಮೈ, ಕುಂಕುಮದ ಅಂಚು. ಆ ಹೊತ್ತಿನಲ್ಲಿ ಒಳಗೆ ಮಗ್ಗದ ಮೇಲೆ ಬಿಳಿ ಬಟ್ಟೆಯಡಿ ಇದ್ದ ಸೀರೆಯೇ ಅದು ಎಂದು ಅಮ್ಮ ಗುರುತು ಹಿಡಿದರು. ಚಿತ್ರದಲ್ಲಿ ಮಾತ್ರ ಅದು ಸೆರಗಿನವರೆಗೂ ಮುಗಿದು, ಯಾವಳೋ ಚೆಲುವೆಯ ಮೈಮೇಲೆ ಇತ್ತು.

ಅಮ್ಮ ಎದ್ದು ಒಳಗೆ ಹೋದರು. ಆ ದಿನ ಮೊದಲ ಸಲ ಅವರೇ ಬಟ್ಟೆ ಸರಿಸಿ ನನಗೆ ತೋರಿಸಿದರು. ಸೆರಗನ್ನು ಅವರಿನ್ನೂ ಶುರುವೇ ಮಾಡಿರಲಿಲ್ಲ. “ನಾನು ನೇಯ್ದೇ ಇಲ್ಲ. ಇದು ಹೆಂಗೆ ಮುಗೀತು ಸಾರ್?” ಎಂದರು. ಕಂಪ್ಯೂಟರಿನಲ್ಲಿ ಅರ್ಧ ಚಿತ್ರವನ್ನು ಪೂರ್ತಿ ಮಾಡಬಹುದು ಎಂದು ನಾನು ಎಲ್ಲೋ ಓದಿದ್ದೆ. ಅದನ್ನು ಹೇಳದೆ ಅವರ ಹಿಂದೆಯೇ ಬಾಗಿಲಿಗೆ ಬಂದೆ.

ರಾಂಪುರದವಳು ವಿಡಿಯೋ ಹಾಕಿದಳು. “ನಮಸ್ಕಾರ. ಇದು ನಾನು ನನ್ನ ಕೈಯಾರೆ ನೇಯ್ದಿರುವ ಅಪ್ಪಟ ರೇಷ್ಮೆ ಸೀರೆ. ನನ್ನ ಮಗ್ಗದಿಂದ ನೇರವಾಗಿ ನಿಮ್ಮ ಮನೆಗೆ.” ಅಮ್ಮ ಬಾಯಿ ಮೇಲೆ ಕೈಯಿಟ್ಟುಕೊಂಡು ಕೇಳಿದರು. “ಗಂಟಲು ನಂದೇ. ಇಷ್ಟು ಚಂದದ ಕನ್ನಡ ನಾನ್ಯಾವಾಗ ಕಲ್ತೆ?” ಐದೈದು ದಿನದ ಮ್ಯಾಚುಗಳ ಉದ್ದಕ್ಕೂ ಅವರು ಆಟಗಾರರೊಡನೆ ಆಡಿದ ಮಾತೆಲ್ಲ ಆ ಮೈಕಿನೊಳಗೆ ಹೋಗಿತ್ತು. ಅಷ್ಟು ಧ್ವನಿ ಸಿಕ್ಕರೆ ಏನು ಬೇಕಾದರೂ ಆಡಿಸಬಹುದು.

ಆಮೇಲೆ ಅವರು ಮಾಡಿದ್ದನ್ನು ಈ ಊರಿನ ನೇಕಾರರ ಮನೆಯಲ್ಲಿ ಹುಟ್ಟಿದವರು ಮಾತ್ರ ಮಾಡಿಯಾರು. ಟ್ರಂಕು ತೆಗೆದರು. ಜೀವಮಾನವೆಲ್ಲ ಬೇರೆಯವರಿಗೆ ನೇಯ್ದವರು ಒಮ್ಮೆ ಮಾತ್ರ ಸ್ವಂತ ರೇಷ್ಮೆ ಕೊಂಡು ತಮಗಾಗಿ ಒಂದು ಸೀರೆ ನೇಯ್ದುಕೊಂಡಿದ್ದರು, ಉಟ್ಟಿರಲಿಲ್ಲ. ಅದನ್ನು ತಂದು ಆಕೆಯ ಕೈಗಿಟ್ಟರು.

“ಅಮ್ಮ, ನೀವೇನೂ ತಗೊಂಡಿಲ್ಲ. ಯಾಕೆ ಕೊಡ್ತೀರಿ?” ಎಂದೆ.

“ಆಯಮ್ಮ ದುಡ್ಡು ಕೊಟ್ಟಿದ್ದು ನನ್ನ ಮುಖ ನೋಡಿ ಅಲ್ವಾ? ಮುಖ ಕೇಳೈತೆ, ಕೈ ಕೊಡ್ಬೇಕು.”

ಆಕೆ ಹೋದ ಮೇಲೆ, ಸ್ಟೇಷನ್ನಿಗೆ ಹೋಗಿ ಹೇಳೋಣವೇ ಎಂದು ಅಮ್ಮ ಕೇಳಿದರು. ಹೋದರೆ ಮೊದಲು ಕೇಳುವುದು ಆ ಆಪು ಹಾಕಿದವರು ಯಾರು ಎಂದು. ಸರ್ಕಾರಿ ನೌಕರ ನಾನು, ಕದ್ದ ಲಿಂಕನ್ನು ನಾನೂ ನಾಲ್ಕು ಜನಕ್ಕೆ ಹಂಚಿದ್ದೆ. “ಹಂಗೆ ಮ್ಯಾಚ್ ನೋಡೋದೇ ಕಳ್ಳತನ ಅಂತಾರಮ್ಮ, ನಿಮ್ಮನ್ನೇ ಹಿಡೀತಾರೆ” ಎಂದು ಹೆದರಿಸಿದೆ. ಅವರು ಹೆದರಿದರು. ನಾನು ಆಪು ತೆಗೆದುಹಾಕಿ ಕೈ ತೊಳೆದುಕೊಂಡೆ.

ಆದರೆ ಜನ ಬರುವುದು ನಿಲ್ಲಲಿಲ್ಲ. ಒಬ್ಬೊಬ್ಬರಾಗಿ, ಇಬ್ಬಿಬ್ಬರಾಗಿ, ಬಳ್ಳಾರಿಯ ಕಡೆಯಿಂದ, ಆಂಧ್ರದ ಕಡೆಯಿಂದ ಬಂದರು. ಎಲ್ಲರೂ ಬಾಗಿಲಲ್ಲಿ ನಿಂತು ಮುಖ ನೋಡುತ್ತಿದ್ದರು, ಫೋನು ನೋಡುತ್ತಿದ್ದರು, ಮತ್ತೆ ಮುಖ ನೋಡುತ್ತಿದ್ದರು. ಕೊಡಲು ಅಮ್ಮನ ಹತ್ತಿರ ಇನ್ನೊಂದು ಸೀರೆ ಇರಲಿಲ್ಲ. ಹೊಸ ಹೊಸ ವಿಡಿಯೋ ಬರುತ್ತಿದ್ದವು. ಒಂದೊಂದರಲ್ಲೂ ಅವರ ವಯಸ್ಸು ಇಳಿಯುತ್ತಿತ್ತು. “ನನ್ನ ಮಗಳಿಗಿಂತ ಚಿಕ್ಕೋಳಾಗಿಬಿಟ್ನಲ್ಲ ಸಾರ್” ಎಂದು ಒಮ್ಮೆ ನಗಲು ನೋಡಿದರು. ಇನ್ನೊಂದನ್ನು ಬಹಳ ಹೊತ್ತು ದಿಟ್ಟಿಸಿ, ಫೋನನ್ನು ಬೋರಲು ಹಾಕಿದರು. “ನೋಡಿದ್ರಾ? ಲಾಳಿ ಓಡ್ತಾನೇ ಐತೆ. ಬಟ್ಟೆ ಬೆಳೀತಾನೇ ಇಲ್ಲ.”

ಸಾವ್ಕಾರರು ಬಂದದ್ದು ಆಗ. ಕೆಟ್ಟವರಲ್ಲ. ಜಗಲಿಯ ಮೇಲೆ ಕೂತು, ದನಿ ಏರಿಸದೆ ಕೇಳಿದರು.

“ನೋಡಮ್ಮ, ಹಾಸಿನ ರೇಷ್ಮೆ ನಂದು, ಡಿಜೈನು ನಂದು. ಸೀರೆ ಮಗ್ಗದಿಂದ ಇಳಿಯೋಕೆ ಮುಂಚೇನೇ ಊರೂರ ಫೋನ್ನಾಗೆ ಐತೆ. ನೀನು ಹೊರಗೆ ಮಾರಿಲ್ಲ ಅಂದ್ರೆ ಆ ರಾಂಪುರದೋಳಿಗೆ ಸೀರೆ ಯಾಕೆ ಕೊಟ್ಟೆ?”

“ನನ್ನ ಮುಖಕ್ಕೆ ಕೊಟ್ಟೆ ಸಾವ್ಕಾರ್ರೆ. ವ್ಯಾಪಾರಕ್ಕಲ್ಲ.”

ಸಾವ್ಕಾರರು ನನ್ನ ಕಡೆ ತಿರುಗಿದರು. “ಸಾರ್, ನೀವು ಓದಿದೋರು. ಫೋನು ತಾನಾಗೇ ಫೋಟೋ ಹೊಡೆದು ಎಲ್ಲಿಗೋ ಕಳಿಸುತ್ತೆ ಅಂತಾಳೆ ಈಯಮ್ಮ. ಅದು ಆಗೋ ಮಾತಾ? ನೀವು ಹೂಂ ಅನ್ರಿ ಸಾಕು, ನಾನು ನಂಬ್ತೀನಿ.”

ಅಷ್ಟು ಹೊತ್ತಿಗೆ ನಾನು ಎಲ್ಲವನ್ನೂ ಹುಡುಕಿ ಓದಿದ್ದೆ. ಆ ಹಸಿರು ಚುಕ್ಕೆ ಎಂದರೆ ಕ್ಯಾಮೆರಾನೋ ಮೈಕೋ ಬಳಕೆಯಲ್ಲಿದೆ ಎಂಬ ಸೂಚನೆ ಎಂದು ನನಗೆ ಗೊತ್ತಿತ್ತು. ಹೂಂ ಎಂದರೆ ಮುಂದಿನ ಪ್ರಶ್ನೆ, ಅದನ್ನು ಹಾಕಿಕೊಟ್ಟವರು ಯಾರು?

“ನನಗೆ ಗೊತ್ತಿಲ್ಲ ಸಾವ್ಕಾರ್ರೆ” ಎಂದೆ.

ಅಮ್ಮ ನನ್ನನ್ನು ನೋಡಿದರು. ಹೇಳಬಹುದಿತ್ತು, ಇವರೇ ಹಾಕಿಕೊಟ್ಟವರು ಎಂದು. ಹೇಳಲಿಲ್ಲ. ಒಳಗೆ ಹೋಗಿ ಇಬ್ಬರಿಗೂ ಕಾಫಿ ತಂದರು. ನನ್ನ ಲೋಟಕ್ಕೆ ಸಕ್ಕರೆ ಕಮ್ಮಿ ಹಾಕುವುದನ್ನು ಆಗಲೂ ಮರೆತಿರಲಿಲ್ಲ.

ಆ ಗಿಣಿಹಸಿರು ಸೀರೆ ಮಗ್ಗದಿಂದ ಇಳಿದ ಮೇಲೆ ಸಾವ್ಕಾರರಿಂದ ಹೊಸ ಹಾಸಿನ ನೂಲು ಬರಲಿಲ್ಲ. ಸಣ್ಣ ಊರು, ಡಿಜೈನು ಹೊರಗೆ ಬಿಟ್ಟವಳು ಎಂದು ಒಬ್ಬರು ಬಿಟ್ಟರೆ ಇನ್ನೊಬ್ಬರು ಕೊಡುವುದಿಲ್ಲ. ಅಮ್ಮ ಬೆಳಗ್ಗೆ ಎದ್ದು ಬರಿಯ ಮಗ್ಗದ ಧೂಳು ಒರೆಸಿ, ಗುಂಡಿಯಲ್ಲಿ ಕಾಲು ಇಳಿಬಿಟ್ಟು ಸ್ವಲ್ಪ ಹೊತ್ತು ಕೂತು ಏಳುತ್ತಿದ್ದರು. ಮ್ಯಾಚ್ ನೋಡುವುದನ್ನೂ ಬಿಟ್ಟರು. ಎದುರು ಮನೆಯವರು ಕೂಗಿದರೆ ಈ ಮನೆಯಲ್ಲಿ ಯಾರೂ ಏನೂ ಅನ್ನುತ್ತಿರಲಿಲ್ಲ. ಮೂರು ತಿಂಗಳಿಗೆ ಮಗಳು ಬಂದು ರಾಯದುರ್ಗಕ್ಕೆ ಕರೆದುಕೊಂಡು ಹೋದಳು. “ಊಟ ಟೈಮಿಗೆ ಮಾಡ್ರಿ ಸಾರ್” ಎಂದು ಹೇಳಿ ಹೋದರು. ನಾನು ವರ್ಗ ಮಾಡಿಸಿಕೊಂಡು ಚಳ್ಳಕೆರೆಗೆ ಬಂದೆ. ಅವರಿಗೆ ಒಂದು ಫೋನು ಕೂಡ ಮಾಡಲಿಲ್ಲ. ನಾಚಿಕೆ, ಮತ್ತೇನೂ ಅಲ್ಲ.

ಸಾವಿನ ಸುದ್ದಿ ಬಂದು ಎರಡು ದಿನವಾಗಿತ್ತು. ಸ್ಟಾಫ್‌ರೂಮಿನಲ್ಲಿ ಸಹೋದ್ಯೋಗಿ ಟೀಚರೊಬ್ಬರು “ಸಾರ್, ನಿಮಗೆ ಮೊಳಕಾಲ್ಮೂರು ಗೊತ್ತಲ್ಲ, ಈ ಅಂಗಡಿ ಹೆಂಗೆ?” ಎಂದು ಫೋನು ಚಾಚಿದರು. ಅಮ್ಮ ನಗುತ್ತಿದ್ದರು. ಮೂವತ್ತರ ಹರೆಯ, ಮುರಿಯದ ಕನ್ನಡಕ. ಅದು ಮೋಸದ ಅಂಗಡಿ, ಈಕೆ ಸತ್ತಿದ್ದಾರೆ ಎಂದೆ. ಆ ಟೀಚರು ಫೋನನ್ನು ಮೇಜಿನ ಮೇಲೆ ಹಾಕಿ ಕೈ ಸೀರೆಗೆ ಒರೆಸಿಕೊಂಡರು.

ಶನಿವಾರ ಮಧ್ಯಾಹ್ನದ ಬಸ್ಸಿಗೆ ಮೊಳಕಾಲ್ಮೂರಿಗೆ ಹೋದೆ. ಸಾವ್ಕಾರರ ಅಂಗಡಿಯಲ್ಲಿ ಗಿರಾಕಿಗಳಿದ್ದರು. ಅವರ ಮುಂದೆಯೇ, ಮತ್ತೆ ಧೈರ್ಯ ಹೋದೀತೆಂದು, ನಿಂತಲ್ಲೇ ಎಲ್ಲ ಹೇಳಿದೆ. ಆಪು ಹಾಕಿದ್ದು ನಾನು, ಗೊತ್ತಿದ್ದೂ ಗೊತ್ತಿಲ್ಲ ಎಂದವನು ನಾನು. ಸಾವ್ಕಾರರು ಮಡಿಸುತ್ತಿದ್ದ ಸೀರೆಯನ್ನು ಪೂರ್ತಿ ಮಡಿಸಿಟ್ಟರು.

“ನಂಗೆ ಹೇಳಿ ಏನ್ ಮಾಡ್ತೀರಿ ಸಾರ್. ಆಯಮ್ಮಂಗೆ ಹೇಳ್ಬೇಕಿತ್ತು.”

ವಾಪಸು ಬರುವಾಗ ಬಸ್ಸಿನ ಕಿಟಕಿಯ ಪಕ್ಕ ಕೂತು ಆ ಅಂಗಡಿಯನ್ನು ನನ್ನ ಫೋನಿನಲ್ಲಿ ಹುಡುಕಿದೆ. ಅವರ ಮುಖದ ಕೆಳಗೆ ‘ಸಂದೇಶ ಕಳಿಸಿ’ ಎಂದು ಇತ್ತು. ಬಸ್ಸು ಕುಲುಕುತ್ತಿತ್ತು. ತಿದ್ದಿ ತಿದ್ದಿ ಬರೆದೆ. ‘ಅಮ್ಮ, ಆ ಆಪು ಹಾಕಿದ್ದು ನಾನು. ಸಾವ್ಕಾರ್ರ ಮುಂದೆ ಸುಳ್ಳು ಹೇಳಿದೆ. ತಪ್ಪಾಯ್ತು.’

ಮರುಕ್ಷಣವೇ ಉತ್ತರ ಬಂತು. ಅಕ್ಷರವಲ್ಲ, ಧ್ವನಿ. ಫೋನನ್ನು ಕಿವಿಗೆ ಒತ್ತಿಕೊಂಡೆ.

“ಪರವಾಗಿಲ್ಲ ಸಾರ್. ನೀವು ಚಿಂತಿಸಬೇಡಿ. ನಿಮ್ಮ ವಿಳಾಸ ಕಳುಹಿಸಿಕೊಡಿ. ನಾನೇ ತಲುಪಿಸುತ್ತೇನೆ.”

ಅವರದೇ ಗಂಟಲು. ಎಲ್ಲೋ ಕೂತ ಕಳ್ಳರ ಯಂತ್ರ ಬಂದವರಿಗೆಲ್ಲ ಹೇಳುವ ಮಾತು ಅದು ಎಂದು ನನಗೆ ಗೊತ್ತು. ಇಂಥವರಿಗೆ ವಿಳಾಸ ಕೊಡಬಾರದು ಎಂದು ಮಕ್ಕಳಿಗೆ ತರಗತಿಯಲ್ಲಿ ಪಾಠವನ್ನೂ ಮಾಡಿದ್ದೇನೆ. ಆದರೆ ಬದುಕಿದ್ದಾಗ ಅಮ್ಮ ನನಗೆ ಆ ಮಾತು ಹೇಳುವ ಅವಕಾಶವನ್ನೇ ನಾನು ಕೊಟ್ಟಿರಲಿಲ್ಲ. ‘ಪರವಾಗಿಲ್ಲ ಸಾರ್’ ಎಂಬುದನ್ನು ಇನ್ನೊಂದು ಸಲ ಅವರ ದನಿಯಲ್ಲಿ ಕೇಳಬೇಕೆನಿಸಿತು. ಮನೆ ನಂಬರು, ಬೀದಿ, ಚಳ್ಳಕೆರೆ ಎಂದು ಪೂರ್ತಿ ವಿಳಾಸ ಬರೆದು ಕಳಿಸಿದೆ.